ಸಾಲಿಗೆ ಹನ್ನೆರಡು ರೂಪಾಯಿ

ಹನುಮಂತನಗರ, ಮಹಡಿ ಮೇಲಿನ ಕೋಣೆ.
ಕೆಳಗೆ ಹಿಟ್ಟಿನ ಗಿರಣಿ; ರಾಗಿ ಬೀಸುವಾಗ
ನನ್ನ ಪರದೆಯ ಮೇಲಿನ ಹಿಮವೂ ಸಣ್ಣಗೆ ನಡುಗುತ್ತದೆ.

ಹಾಫ್ಲಿದಿ ಬ್ರಾಂಡ್ಸ್‌ಸೋನ್. ಅಂದರೆ ಬ್ರಾಂಡುರನ ಮಗ.
ಐಸ್‌ಲ್ಯಾಂಡಿನಲ್ಲೂ ಮನೆತನದ ಹೆಸರಿಲ್ಲವಂತೆ,
ಅಪ್ಪನನ್ನೇ ಹೊತ್ತು ತಿರುಗಬೇಕು;
ನಾವು ಅವನನ್ನು ಇನಿಷಿಯಲ್ಲಿಗೆ ಇಳಿಸಿದ್ದೇವೆ, ಅಷ್ಟೇ.

ಏಳು ಚಿತ್ರ, ನಲವತ್ತೊಂದು ವರ್ಷ.
ಕನ್ನಡದ ಅಡಿಬರಹ ಬೇಕು ಅಂದರು
ಫಿಲಂ ಸೊಸೈಟಿಯ ವಾಮದೇವಯ್ಯ.
ಸಾಲಿಗೆ ಹನ್ನೆರಡು ರೂಪಾಯಿ. ಒಪ್ಪಿದೆ.
ಧಾರಾವಾಹಿಯ ಅತ್ತೆಯರಿಗೆ ಬೈಗುಳ ಬರೆದೂ ಬರೆದೂ
ನನ್ನ ಬಾಯಿ ಹುಳಿಯಾಗಿತ್ತು ಆಗ.

ಮೊದಲನೆಯದು ಕಪ್ಪು ಬಿಳುಪು, ಮೀನಿನ ದೋಣಿಯಲ್ಲಿ.
ಕ್ಯಾಮೆರಾ ಸಾಲದ್ದು, ನಟರು ಅವನ ಅಣ್ಣಂದಿರು,
ನಾಯಕಿ ಅಂಚೆ ಕಚೇರಿಯವಳು.
ಇಪ್ಪತ್ತನಾಲ್ಕರ ಹುಡುಗ ಎಷ್ಟು ಮಾತಾಡಿಸುತ್ತಾನೆ!
ದೋಣಿ ಮಾತಾಡುತ್ತೆ, ಬಲೆ ಮಾತಾಡುತ್ತೆ,
ಸತ್ತ ಅಜ್ಜಿ ಎದ್ದು ಕೂತು ಮಾತಾಡುತ್ತಾಳೆ.
ಸಾವಿರದ ನಾನೂರು ಸಾಲು. ಬಾಡಿಗೆ ಕಟ್ಟಿದೆ.

ಎರಡನೆಯದು ಮುಳುಗಿತು.
ಯಾರದೋ ದುಡ್ಡು, ಯಾರೋ ತುರುಕಿದ ಮದುವೆ,
ಕೊನೆಯಲ್ಲಿ ಎಲ್ಲರೂ ನಗುತ್ತಾರೆ, ಕ್ಯಾಮೆರಾ ಒಂದನ್ನು ಬಿಟ್ಟು.
ಗಾಂಧಿನಗರದಲ್ಲಿ ಇಂಥವು ಎಷ್ಟು ನೋಡಿಲ್ಲ.

ಆಮೇಲೆ ಹನ್ನೊಂದು ವರ್ಷ ಏನೂ ಇಲ್ಲ.
ಕಳಿಸಿದ ಪಟ್ಟಿಯಲ್ಲಿ ಆ ಜಾಗಕ್ಕೆ ಬರಿಯ ಗೆರೆ.
ಆ ಗೆರೆಯೊಳಗೆ ಕೂತು ರೇಡಿಯೊದಲ್ಲಿ
ಹಡಗುಗಳಿಗೆ ಹವಾಮಾನ ಓದುತ್ತಿದ್ದನಂತೆ,
ಮೀನೆಣ್ಣೆಗೆ ಜಾಹೀರಾತು ಬರೆದನಂತೆ.
ನನಗೂ ಒಂದು ಗೆರೆಯಿದೆ. ಅದರ ಮಾತು ಬೇಡ.

ಮೂರನೆಯದು ಕುರಿಗಳದ್ದು.
ಬೇಸಿಗೆಯೆಲ್ಲ ಬೆಟ್ಟಕ್ಕೆ ಬಿಟ್ಟವನ್ನು
ಚಳಿ ಇಳಿಯುವ ಮುಂಚೆ ಊರಿಗೆ ಊರೇ ಹೋಗಿ ತರುತ್ತದೆ,
ಕಿವಿ ಕೊಯ್ದ ಗುರುತು ನೋಡಿ ಇದು ನಿಂದು, ಇದು ನಂದು.
ಇಂಗ್ಲಿಷ್ ಪ್ರತಿಯಲ್ಲಿ ಎಲ್ಲಕ್ಕೂ ಒಂದೇ ಪದ, ಕುರಿ.
ಆದರೆ ಮುದುಕನ ಬಾಯಿ ಪ್ರತಿಸಲ ಬೇರೆ ಥರ ತೆರೆಯುತ್ತದೆ,
ಕೇಳಿಸುತ್ತದೆ ನನಗೆ, ತಿಳಿಯುವುದಿಲ್ಲ.

ಯಶವಂತಪುರದ ಮಂಡಿಯಲ್ಲಿ ರಾತ್ರಿ ಕಾವಲಿರುವ
ಜುಂಜಣ್ಣ ಚಿಕ್ಕಪ್ಪನನ್ನು ಭಾನುವಾರ ಕರೆತಂದು ಕೂರಿಸಿದೆ.
ಶಿರಾ ಕಡೆ ನೂರಿಪ್ಪತ್ತು ಕುರಿ ಕಾದವನು.
ಸದ್ದು ನಿಲ್ಲಿಸು ಅಂದ.
“ಇದು ಗೊಡ್ಡು. ಇದು ಈಗಷ್ಟೇ ಈದದ್ದು, ನಡಿಗೆ ನೋಡು.
ಇದು ತಬ್ಬಲಿ ಮರಿ, ಬೇರೆ ಕೆಚ್ಚಲಿಗೆ ಬಿಟ್ಟವ್ರೆ.
ಇದು ಟಗರಲ್ಲ, ಬೀಜ ಒಡೆದದ್ದು.”
ಬಹಳ ಹೊತ್ತು ಸುಮ್ಮನಿದ್ದು ಮತ್ತೆ ಅಂದ:
“ತೆಗೆದೋನು ಕುರಿ ಕಾದೋನಲ್ಲ.
ಕಾದೋರ ಹಿಂದೆ ನಡೆದೋನು.
ಎಲ್ಲಾ ಬಾಲದ ಕಡೆಯಿಂದಲೇ ತೆಗೆದವ್ನೆ.”
ಆ ಚಿತ್ರಕ್ಕೆ ಎರಡು ಪ್ರಶಸ್ತಿ. ವಿಮರ್ಶೆಗಳನ್ನೆಲ್ಲ ಓದಿದೆ,
ಬಾಲದ ವಿಷಯ ಯಾರೂ ಬರೆದಿರಲಿಲ್ಲ.

ನಾಲ್ಕು, ಐದು, ಆರು.
ವಯಸ್ಸಾಗುತ್ತ ಅವನ ಜನ ಬಾಯಿ ಮುಚ್ಚುತ್ತ ಹೋದರು,
ನನ್ನ ಬಿಲ್ಲೂ ಜೊತೆಗೇ ಕರಗಿತು.
ಏಳನೆಯದರಲ್ಲಿ ಒಟ್ಟು ಒಂಬತ್ತು ಸಾಲು.
ನೂರೆಂಟು ರೂಪಾಯಿ, ಜಪದ ಲೆಕ್ಕ!
ಒಂದೂ ಮುಕ್ಕಾಲು ಗಂಟೆ ಹೆಂಗಸೊಬ್ಬಳು
ಮುಚ್ಚಿದ ಮೀನು ಕಾರ್ಖಾನೆಯ ನೆಲ ತೊಳೆಯುತ್ತಾಳೆ.
ಮೂಲೆಗೆ ಪೊರಕೆ ಒರಗಿಸಿ ಏನೋ ಅನ್ನುತ್ತಾಳೆ.
ಸಾಕು, ಎಂದು ಬರೆದೆ. ಅಳಿಸಿದೆ.
ಮುಗಿಯಿತು. ಅದನ್ನೂ ಅಳಿಸಿದೆ. ನಾಲ್ಕು ದಿನ.
ಐದನೆಯ ಸಂಜೆ ಗಿರಣಿಯ ನಾಗೂಬಾಯಿ
ಕೊನೆಯ ಡಬ್ಬ ಬೀಸಿ, ಸ್ವಿಚ್ ಆರಿಸಿ,
ತನ್ನಷ್ಟಕ್ಕೆ ಅಂದಳು: “ಹ್ಞೂಂ. ಇನ್ನ ನಾಳೀಕೆ.”
ಅದನ್ನೇ ಹಾಕಿದೆ.

ಜನವರಿಯಲ್ಲಿ ಅವನೇ ಬಂದ.
ಸ್ವೆಟರು, ಮಫ್ಲರು ಸುತ್ತಿಕೊಂಡ ಬೆಂಗಳೂರಿನ ನಡುವೆ
ಅರ್ಧ ತೋಳಿನ ಅಂಗಿಯಲ್ಲಿ ಬೆವರುತ್ತ ಕೂತಿದ್ದ, ಹಿಂದಿನ ಸಾಲಿನಲ್ಲಿ.
ನಾಳೀಕೆ ಬಂತು. ಸಭೆಯಲ್ಲಿ ಒಬ್ಬರು ನಕ್ಕರು, ಮೆಲ್ಲಗೆ.
ತಿರುಗಿ ನೋಡಿದ, ಯಾರೆಂದು.

ಚಹಾದ ಹೊತ್ತಿಗೆ ಪ್ರಶ್ನೆಗಳು: ಮೌನದ ಬಗ್ಗೆ, ಕಾಲದ ಬಗ್ಗೆ.
ಚಿಕ್ಕಪ್ಪ ನನ್ನ ತೋಳು ಜಗ್ಗಿದ,
ಹತ್ತಕ್ಕೆ ಪಾಳಿ ಅವನಿಗೆ:
“ಆ ತಬ್ಬಲಿ ಮರಿ ಉಳೀತಾ ಕೇಳು.”
ಕೇಳಿದೆ. ನನ್ನ ಇಂಗ್ಲಿಷು, ಅವನ ಇಂಗ್ಲಿಷು.
ಕಪ್ಪು ಕೆಳಗಿಟ್ಟು ಹಾಫ್ಲಿದಿ ಬಗ್ಗಿದ,
ಪ್ಯಾಂಟು ಮೊಣಕಾಲಿನವರೆಗೆ ಏರಿಸಿದ.
ಹಳೆಯ ಗಾಯ, ಕೊಂಬಿನ ಅಳತೆಯದು.
ಚಿಕ್ಕಪ್ಪ ಬಗ್ಗಿ ಬೆರಳಿಟ್ಟು ನೋಡಿದ.
“ಒಳ್ಳೆ ಟಗರು” ಅಂದು
ಬಸ್ಸಿಗೆ ಹೊರಟ.