ಒಂಬತ್ತು ಕಾಲಿನ ದೆಂಜಿ

ಹುಣಸೆಹುಳಿ ಹಚ್ಚಿ ತಿಕ್ಕುವುದು
ನಮ್ಮ ಮನೆಯ ಪಾಲಿಗೆ ಬಂದ ಕೆಲಸ.
ಏಳು ಕಡವಿನ ಗುರಿಕಾರರಿಗೆ ಪೇಟ, ಪಟ್ಟೆಶಾಲು, ಮುಂದಿನ ಸಾಲು;
ನಮಗೆ ಹುಳಿ, ಬೂದಿ, ತೆಂಗಿನ ನಾರು.

ಕಂಚಿನ ಏಡಿ. ನಮ್ಮ ಬಾಯಲ್ಲಿ ದೆಂಜಿ.
ಬೈನೆಮರದ ಕೋಲಿನ ತುದಿಗೆ
ಅಡ್ಡಡ್ಡ ಕೂತು ಊರು ನೋಡುತ್ತದೆ.
ಹತ್ತಿರಬೇಕಾದ ಕಾಲು ಒಂಬತ್ತೇ.
ಹತ್ತನೆಯದನ್ನು ನದಿಗೆ ಸಾಲ ಕೊಟ್ಟಿದೆ ಎಂದು ಬೋಳಾರದವರು,
ಪರಂಗಿ ಕಪ್ತಾನ ಕದ್ದನೆಂದು ಬಂದರಿನವರು,
ಬೆಂಗ್ರೆಯಲ್ಲಿ ಬೇರೆಯೇ ಕತೆ, ಹೇಳುವಂಥದ್ದಲ್ಲ.
ತಿಕ್ಕುವವನಿಗೆ ಗೊತ್ತು:
ಅಲ್ಲಿ ಮುರಿದ ಗುರುತೇ ಇಲ್ಲ.
ಎರಕ ಹೊಯ್ದವರಿಗೆ ಮೇಣ ಸಾಲಲಿಲ್ಲ, ಅಷ್ಟೆ.
ಹೊಟ್ಟೆಯಡಿ ಹೆಬ್ಬೆಟ್ಟಿನ ಗುರುತು ಇನ್ನೂ ಇದೆ,
ನನ್ನದಕ್ಕಿಂತ ಸಣ್ಣದು,
ಹೆಂಗಸಿನದೋ ಮಗುವಿನದೋ.

ಪ್ರತಿ ಸೋಣ ತಿಂಗಳು
ನೇತ್ರಾವತಿ, ಫಲ್ಗುಣಿ ಕೈಕೈ ಹಿಡಿದು ಬಂದು
ಮರಳದಿಣ್ಣೆಗೆ ಹಣೆ ಆನಿಸಿ ನಿಲ್ಲುತ್ತವೆ:
ಈ ವರ್ಷ ಎಲ್ಲಿ ಬಾಗಿಲು?
ಕೋಲು ಊರಿದಾಗ ದೆಂಜಿಯ ನೆರಳು ಹೋದ ದಿಕ್ಕಿಗೆ
ಅಳಿವೆ ಒಡೆಯುತ್ತದೆ.
ಮನೆಯಿದ್ದರೆ ಮನೆ. ಬಾವಿಯಿದ್ದರೆ ಬಾವಿ.
ಮೋನಬ್ಬ ಬ್ಯಾರಿಯ ಹಂಚಿನ ಗೋದಾಮು ಹೋದದ್ದು ಹಾಗೆ;
ಇಳಿತದ ಹೊತ್ತು ಇವತ್ತಿಗೂ
ಹಂಚು ಕಾಲಿಗೆ ತಾಗುತ್ತದೆ.

ಕೋಲು ಯಾರು ಹಿಡಿಯಬೇಕೆಂದು ದೆಂಜಿಯೇ ಹೇಳಬೇಕು.
ನೀವು ಬಚ್ಚಿಟ್ಟದ್ದೆಷ್ಟೋ ಅಷ್ಟು ಅದರ ತೂಕ.
ಮೂವರು ಗುರಿಕಾರರು ಎತ್ತಹೋಗಿ
ಸೊಂಟ ಹಿಡಿದು ಕೂತರು.
ಸೊಸೈಟಿಯ ಮ್ಯಾನೇಜರು ಮುಟ್ಟಲೂ ಒಪ್ಪಲಿಲ್ಲ.
ಕೊನೆಗೆ ಸುಲ್ತಾನ್ ಬತ್ತೇರಿಯ ಕಡವಿನಲ್ಲಿ
ದೋಣಿಯ ಟಿಕೆಟು ಹರಿಯುವ ದೇಜಮ್ಮ
ಕೊಡಪಾನ ಎತ್ತಿದ ಹಾಗೆ ಎತ್ತಿದಳು.
"ಭಾರ ಉಂಟು," ಎಂದಳು, "ಹೊರಬಹುದು."

ಕೊಡಪಾನದಷ್ಟು ಏನು ಬಚ್ಚಿಟ್ಟಿದ್ದಾಳೆಂದು
ಊರಿಗೆಲ್ಲ ಚಿಂತೆ.

ಬೆಳಗಿನ ನೆರಳು ಪಡುವಕ್ಕೆ, ಗಾಳಿಮರದ ತೋಪಿಗೆ:
ಯಾರಿಗೂ ನಷ್ಟವಿಲ್ಲ.
ಮಧ್ಯಾಹ್ನ ತಿರುಗಿದರೆ ಮೂಡಕ್ಕೆ:
ಅಲ್ಲಿ ನಾದಿನಿ ವಾರಿಜಳ ತಾರಸಿ ಮನೆ.
ಒಂದು ಬಳೆಯ ವಿಷಯ, ಹನ್ನೊಂದು ವರ್ಷ ಮಾತಿಲ್ಲ.

ಮೋಡ. ಒಂಬತ್ತಕ್ಕೂ ಮೋಡ, ಹನ್ನೊಂದಕ್ಕೂ ಮೋಡ.
ಡೋಲಿನವರು ಬೀಡಿ ಹಚ್ಚಿದರು.
ಪೇಟಗಳ ಮೇಲೆ ತುಂತುರು.
ಗಂಟೆ ಹನ್ನೆರಡಾಗುವಾಗ ವಾರಿಜ
ಮೆಟ್ಟಿಲಿಗೆ ಬಂದು ನಿಂತಳು, ಕೈಯಲ್ಲಿ ಸೌಟು ಹಾಗೇ.
ಇಬ್ಬರೂ ನೋಡಿಕೊಂಡರು,
ಯಾರೂ ಕಣ್ಣು ತೆಗೆಯಲಿಲ್ಲ.
ಇನ್ನೊಂದು ಗಂಟೆ ಸುಮ್ಮನೆ ನಿಂತರೆ ಸಾಕಿತ್ತು;
ಮಿಕ್ಕದ್ದನ್ನು ಸೂರ್ಯನೇ ಮಾಡುತ್ತಿದ್ದ.

ಹನ್ನೆರಡೂವರೆಗೆ ಮೋಡ ಬಿರಿಯಿತು.
ಬಿಸಿಲು ನೇರ ನೆತ್ತಿಗೆ.
ಎಲ್ಲರೂ ಮರಳು ನೋಡಿದರು:
ಪಡುವಲ್ಲಿಲ್ಲ, ಮೂಡಲ್ಲಿಲ್ಲ.
ವರ್ಷಕ್ಕೆರಡು ಸಲ ಈ ಊರಿನಲ್ಲಿ ನೆರಳು
ಒಡೆಯನ ಕಾಲಡಿ ಹೊಕ್ಕು ಕೂರುತ್ತದೆ;
ಅದು ಇವತ್ತೇ ಎಂದು ಯಾರೂ ಲೆಕ್ಕ ಹಾಕಿರಲಿಲ್ಲ.
ಒಂಬತ್ತು ಕಾಲಿನ ಕಪ್ಪು ಚುಕ್ಕೆ
ಅವಳ ಎರಡು ಪಾದಗಳ ಮೇಲೆ.

ಕೋಲನ್ನು ಬೆರಳಷ್ಟು ವಾಲಿಸಬಹುದಿತ್ತು,
ಅತ್ತಲೋ ಇತ್ತಲೋ.
ಗುರಿಕಾರರು ಕೆಮ್ಮಿ ಸೂಚಿಸಿದರು ಕೂಡ.
ವಾಲಿಸಲಿಲ್ಲ.

ಮೊದಲು ಹಿಮ್ಮಡಿಯ ಗುಳಿಯಲ್ಲಿ ನೀರು ಜಿನುಗಿತು.
ಆಮೇಲೆ ಬೆರಳ ಸಂದಿಯಲ್ಲಿ.
ಸೊಂಟದಿಂದ ಟಿಕೆಟು ಪುಸ್ತಕ ತೆಗೆದು
ಒಣಮರಳಿಗೆ ಎಸೆದಳು.
"ಓಡು, ಅತ್ತಿಗೇ!"
ಸೌಟು ಮೆಟ್ಟಿಲುರುಳಿದ ಸದ್ದು.
ಅಷ್ಟರಲ್ಲಿ ದಿಣ್ಣೆ ಎರಡಾಗಿತ್ತು,
ಎದೆಮಟ್ಟದ ಹೊಸ ನೀರಿನಲ್ಲಿ
ಕೋಲು ಮೇಲೆತ್ತಿ ಅವಳು ನಿಂತಿದ್ದಳು,
ಟಿಕೆಟು ಇಲ್ಲದೆ ಎರಡು ನದಿ
ಅವಳನ್ನು ದಾಟುತ್ತಿದ್ದವು.

ಈಗ ಕಡವಿಗೆ ಒಂದು ನಿಲ್ದಾಣ ಹೆಚ್ಚು.
ವಾರಿಜಳ ಮೆಟ್ಟಿಲಿಗೆ ಹತ್ತು ರೂಪಾಯಿ,
ಚಿಲ್ಲರೆ ಸರಿಯಾಗಿ ತರಬೇಕು.

ನಿನ್ನೆ ಸಂಜೆ ದೆಂಜಿಯನ್ನು ತಂದು
ನನ್ನ ಮಡಿಲಿಗಿಟ್ಟಳು ದೇಜಮ್ಮ.
ಪ್ರತಿಸಲವೂ ಯಾರಾದರೂ ತಂದಿಡಬೇಕು,
ಯಾರಾದರೂ ಒಯ್ಯಬೇಕು;
ನಾನು ಕೂತಲ್ಲೇ ತಿಕ್ಕುವುದು.
ಊರಲ್ಲಿ ಯಾರೂ ಇದನ್ನು ಗಮನಿಸಿಲ್ಲ.
ಅವಳು ಹೊರಡಲಿಲ್ಲ, ಬಾಗಿಲಿಗೊರಗಿ ನಿಂತಳು.
"ಒಂದು ಸಲ ಎತ್ತಿ ನೋಡು," ಎಂದಳು.

ಹುಳಿ ಇನ್ನೂ ನೆನೆದಿಲ್ಲ, ಎಂದೆ.