ಡ್ರಮ್ಮಿನ ಮೇಲೆ ಬರೆದದ್ದು

ಮೈಸೂರು ರಸ್ತೆಯ ಫ್ಲೈಓವರ್ ಇಳಿದು
ಎಡಕ್ಕೆ ಹೊರಳುವಲ್ಲಿ
ಮೊದಲ ತುಂತುರಿಗೇ ರಸ್ತೆ ಎಣ್ಣೆ ಕಕ್ಕುತ್ತದೆ.
ಬಸ್ಸು ಲಾರಿಗಳು ಬೇಸಿಗೆಯಿಡೀ ತೊಟ್ಟಿಕ್ಕಿದ್ದೆಲ್ಲ
ಮೇಲೆದ್ದು, ಬಣ್ಣ ತಿರುಗಿ,
ಪಾರಿವಾಳದ ಕೊರಳಿನ ಹಾಗೆ ಹೊಳೆದು—

ನಾನು ಬಿದ್ದದ್ದು ಆ ಹೊಳಪಿನ ಮೇಲೆ.
ಹಾಲಿನ ಪ್ಯಾಕೆಟ್ಟು ಒಂದು ಕಡೆ, ಚಪ್ಪಲಿ ಒಂದು ಕಡೆ.

ಎತ್ತಿ ಕೂರಿಸಿದವನು ಪಂಕ್ಚರ್ ಅಂಗಡಿಯ ದಸ್ತಗೀರ್.
ನೀರು ಕೊಡಲಿಲ್ಲ, ಹೆಸರು ಕೇಳಲಿಲ್ಲ;
ನೀಲಿ ಡ್ರಮ್ಮಿಗೆ ಕೈಹಾಕಿ
ಬೊಗಸೆ ಬೊಗಸೆ ಮರಳು, ಮರದ ಹೊಟ್ಟು
ರಾಗಿ ಚೆಲ್ಲುವವನಂತೆ ಚೆಲ್ಲುತ್ತ ಹೋದ,
ಬಸ್ಸಿಗೆ ಅಂಗೈ ತೋರಿಸಿ ‘ನಿಲ್ಲಪ್ಪಾ’ ಎಂದ.
ಆಮೇಲೆ ನನ್ನ ಕಡೆ.

ಡ್ರಮ್ಮಿನ ಮೇಲೆ ಬಿಳಿ ಬಣ್ಣದಲ್ಲಿ ಬರೆದಿತ್ತು: ಉಪ್ಪು.

ಇದ್ಯಾಕೆ ಅಂದೆ.
‘ಮರಳು ಅಂತ ಬರೆದು ನೋಡಿದೆ ಸಾರ್,
ಮೂರು ರಾತ್ರಿಗೆ ತಳ ಕಂಡಿತು.
ಈ ಊರಲ್ಲಿ ಮರಳಿನ ಮೇಲೆ ಕಣ್ಣು ಜಾಸ್ತಿ.
ಶೆಟ್ಟರಂಗಡಿ ಉಪ್ಪಿನ ಮೂಟೆ ನೋಡಿ,
ಬಾಗಿಲ ಹೊರಗೇ ಮಲಗುತ್ತೆ, ನಾನು ಹುಟ್ಟಿದಾಗಿಂದ.
ಉಪ್ಪನ್ನ ಯಾರೂ ಕದಿಯಲ್ಲ.’

ಒಬ್ಬಳು ಮಾತ್ರ, ಮಾವಿನಕಾಯಿ ಗಾಡಿಯ ಪಾಪಮ್ಮ,
ಓದಲು ಬರುತ್ತದಲ್ಲ ಅವಳಿಗೆ, ಒಂದು ಸಲ
ಚಿಟಿಕೆ ತೆಗೆದು ಹೋಳಿನ ಮೇಲೆ ಸವರಿ
ಗಿರಾಕಿಯಿಂದ ಬೈಸಿಕೊಂಡಳಂತೆ.
ಅವನು ನಕ್ಕ. ನನ್ನ ಮೊಣಕೈ ಉರಿಯುತ್ತಿತ್ತು.

ಗಾಯ ಮಾಯ್ದು ಎಷ್ಟೋ ಕಾಲವಾಯಿತು.
ಚರ್ಮದೊಳಗೆ ಎರಡು ಹರಳು ಉಳಿದಿವೆ, ಡಾಕ್ಟರು ಬಿಡಿ ಅಂದರು.
ಮೋಡ ಕವಿದಾಗ ಬೆರಳು ತಾನಾಗಿ ಅಲ್ಲಿಗೆ ಹೋಗುತ್ತದೆ.
ಋಣ ಎಂದರೆ ಋಣವೇ,
ಉಪ್ಪಿನದೋ ಮರಳಿನದೋ.

ನಿನ್ನೆ ಆ ತಿರುವಿನಲ್ಲಿ ಗಾಡಿ ನಿಲ್ಲಿಸಿ
ಮನೆ ಕಟ್ಟುವಲ್ಲಿ ಕೇಳಿ ತಂದ ಒಂದು ಚೀಲ ಸುರಿದೆ.
ದಸ್ತಗೀರ್ ಬೋಗುಣಿ ನೀರಲ್ಲಿ ಟ್ಯೂಬಿನ ಗುಳ್ಳೆ ಹುಡುಕುತ್ತಿದ್ದ.
ತಲೆ ಎತ್ತಲಿಲ್ಲ.
‘ಮುಚ್ಚಳ ಹಾಕಿ ಸಾರ್, ಮಳೆ ಬರತ್ತೆ.’