ನೂರಾ ಅರವತ್ತು ಅಡಿ

ಹುಬ್ಬಳ್ಳಿ ಸ್ಟೇಶನ್ ರೋಡು. ಹಂಚಿಕೆದಾರರ ಆಫೀಸಿನ ಹಿಂದ
ಕಿಡಕಿ ಇಲ್ಲದ ಖೋಲಿ, ಮೂಗಿಗೇರೋ ಸಿಮೆಂಟಿನ ವಾಸನಿ,
ತಗಡಿನ ಡಬ್ಬಿ ನಡುವ ದಾವಲಸಾಬ.
ನಾ ಹಿಡಿಕಿ ತಿರುವಾಂವ. ಪಗಾರ ನಲವತ್ತು.

ಕಲಘಟಗಿ ಟೆಂಟಿನಾಗ ಹರಿದದ್ದು, ಸವಣೂರಾಗ ಸುಟ್ಟದ್ದು,
ಕೊನೀ ಬಸ್ಸು ತಪ್ಪತೈತೆಂದು ಶಿಗ್ಗಾಂವಿಯವರು
ಹಾಡು ಕೊಯ್ದು ಕಳಿಸಿದ್ದು,
ಎಲ್ಲಾ ಅವನ ಬೆರಳಿಗೇ ಬರತಿತ್ತು.
ಅಂಚು ಹಿಡಿದು ಹೇಳತಿದ್ದ, ಅರಿವಿ ಅಂಗಡ್ಯಾಗ
ಜರಿ ಮುಟ್ಟಿ ನೋಡಿಧಾಂಗ.

ಆ ವರ್ಷ ಧಾರವಾಡದ ಫಿಲ್ಮ್ ಸೊಸೈಟಿಗೆ
ಜರ್ಮನಿಯ ಆರು ಸಿನಿಮಾ ಬಂದವು.
ಒಂದರ ತೂತು ಹರಿದಿದ್ದವು. ಹಂಚಿನಮನಿ ಮಾಸ್ತರು
ಆರೂ ಡಬ್ಬಿ ಬಸ್ಸಿನಾಗ ಹೇರಿಕೊಂಡು ತಂದರು.

ಭೂತಗನ್ನಡಿ ಹಿಡಿದು ಕೂತವ ನನ್ನ ಕರೆದ: "ಬಾರಲೇ, ನೋಡು."
ಒಂದು ಶಾಟು ಮುಗಿದು ಇನ್ನೊಂದು ಹುಟ್ಟೋ ಜಾಗಕ್ಕ
ಕೂದಲೆಳಿಯಷ್ಟು ಗೆರಿ.
"ನೆಗೆಟಿವ್ ಅಂಟಿಸಿದ ಗುರುತು. ಅಕೀ ಕೈ ಅದು."
(ಅಂಟಿಸೋರು ಬ್ಯಾರೆ ಇರತಾರಂತ ಆಮ್ಯಾಲೆ ಓದಿದೆ.
ಅವಗ ಹೇಳಲಿಲ್ಲ.)

ಮಾಸ್ತರು ಓದಿದರು: ಶ್ನಿಟ್ ಅಂದರ ಕೊಯ್ತ.
ಹೆಸರು ಇರ್ಮಗಾರ್ಡ್ ಹೋಲ್ಟ್ಸ್.
ದಾವಲಸಾಬನ ನಾಲಿಗಿಗೆ ಇರ್ಮಕ್ಕ. ಆರರಾಗ ನಾಕು ಅಕೀವು.

ಮೊದಲನೇದು ಯುದ್ಧ ಮುಗಿದ ಹೊಸದರಾಗ. ಇಟ್ಟಂಗಿ ಗುಂಪಿ,
ಬೂಟಿಲ್ಲದ ಹುಡುಗರು. ಮುಖ ಕಂಡಿತೋ ಇಲ್ಲೋ, ಕಡದಾಳ.
"ಮಂದಿ ಎದ್ದು ಹೋಗತಾರಂತ ಅಂಜ್ಯಾಳ ಹುಡುಗಿ."
ಎರಡನೇದರ ತುಂಬ ಹಾಡು, ಹಸರು ಗುಡ್ಡ, ದನದ ಗಂಟಿ.
"ಇದು ಹೊಟ್ಟಿಪಾಡು."
ಮೂರನೇದರಾಗ ಬಾಗಿಲೊಂದು ಮುಚ್ಚತೈತಿ,
ಸದ್ದಾಗೋಕ್ಕಿಂತ ಮೊದಲ
ನಮ್ಮನ್ನ ಓಣ್ಯಾಗ ನಿಂದರಿಸ್ಯಾಳ.
ಅವ ಬಾಯಾಗಿನ ಎಲಿಅಡಕಿ ಉಗುಳೋದು ಮರತ.

ನಾಕನೇದರಾಗ ಮುದುಕಿಯೊಬ್ಬಾಕಿ ಬಟಾಟಿ ಹೆರೀತಾಳ.
ಅಷ್ಟ. ನೂರಾ ಅರವತ್ತು ಅಡಿ ಎಣಿಸಿದೆ,
ಗೆರಿ ಒಂದೂ ಇಲ್ಲ.
"ಈಗ ಕತ್ತರಿ ಕೆಳಗಿಟ್ಟಾಳ ನೋಡು.
ಕೈ ಮಾಗ್ಯಾವು. ಇಲ್ಲಾ ಕಣ್ಣು ಹೋಗ್ಯಾವು."

ಹರಿದದ್ದೂ ಅಲ್ಲೇ. ನಟ್ಟನಡುವ.

ಮಧ್ಯಾಹ್ನ ಉಣ್ಣಲಿಲ್ಲ. ಹೊರಗ ಹೋಗಿ ಬೀಡಿ ಸೇದಿದ,
ಬಂದ, ಮತ್ತ ಹೋದ.
ಮೂರು ಸಂಜಿಗೆ ಬ್ಲೇಡು ಇಟ್ಟ. ಎರಡು ಫ್ರೇಮು.

ಕಾಲೇಜಿನ ಹಾಲಿನಾಗ ಹಿಂದಿನ ಬಾಕಿನ ಮ್ಯಾಲೆ ಕೂತಿದ್ದಿವಿ.
ಮುದುಕಿ ಹೆರದಳು. ಸಿಪ್ಪಿ ಉದ್ದಾತು, ಇನ್ನೂ ಉದ್ದಾತು,
ಮುಂದಿನವರಾಗ ಯಾರೋ ಆಕಳಿಸಿದರು.
ಚೂರಿ ಸಣ್ಣಗ ಜಿಗೀತು.
ಯಾರಿಗೂ ಗೊತ್ತಾಗಲಿಲ್ಲ. ದಾವಲಸಾಬ
ನನ್ನ ಮುಂಗೈ ಹಿಡಿದಿದ್ದ, ಬಿಡಲಿಲ್ಲ.

ಡಬ್ಬಿ ವಾಪಸ್ ಕಳಿಸುವಾಗ ಆ ಎರಡು ಫ್ರೇಮು ಚೀಟಿಗೆ ಅಂಟಿಸಿ
ಮುಚ್ಚಳದೊಳಗ ಇಟ್ಟ. ಬರೆದವ ನಾನು, ಹೇಳಿದವ ಅವ:
"ಬಾಯಾರ, ನಾಕನೇ ಸಿನಿಮಾದಾಗ ಬಟಾಟಿ ಹಂತೇಲಿ
ಒಂದು ಗೆರಿ ಬಂದೈತಿ. ಅದು ನಂದು.
ಮಾಫಿ ಇರಲಿ."
ಕೆಳಗ ಪೂರಾ ವಿಳಾಸ, ಪಿನ್ ಕೋಡ್ ಸಹಿತ.